ಖಾಲಿ ಬಂದ ಡಬ್ಬಿ

ಊರಿನಲ್ಲಿ ಇಂಟರ್‌ನೆಟ್ ಅಂಗಡಿಗಳು ಆಗಷ್ಟೇ ತೆರೆಯುತ್ತಿದ್ದ ಕಾಲ. ಸವಳಂಗ ರಸ್ತೆಯ ನಮ್ಮ ಮನೆಯ ಮಹಡಿಯ ಕೋಣೆಗೆ ಕೀನ್ಯಾದ ಹುಡುಗಿಯೊಬ್ಬಳು ಬಾಡಿಗೆಗೆ ಬಂದಳು. ಕಂಪ್ಯೂಟರ್ ಓದಲು ಅಷ್ಟು ದೂರದಿಂದ ಶಿವಮೊಗ್ಗಕ್ಕೆ ಬಂದವಳನ್ನು ನೋಡಲು ಬೀದಿಯವರೆಲ್ಲ ಒಂದಲ್ಲ ಒಂದು ನೆಪದಲ್ಲಿ ನಮ್ಮ ಗೇಟಿನ ಹತ್ತಿರ ನಿಂತು ಹೋದರು.

ನಾನು ಭದ್ರಾವತಿಯ ಕಾನ್ವೆಂಟಿನಲ್ಲಿ ಕಲಿತವಳು. ಮದುವೆಯಾದ ಮೇಲೆ ನನ್ನ ಇಂಗ್ಲಿಷು ಮಕ್ಕಳ ಹೋಂವರ್ಕಿಗಷ್ಟೇ ಉಳಿದಿತ್ತು. ಅವಳ ಜೊತೆ ಮಾತಾಡುತ್ತ ಅದು ಮತ್ತೆ ಬಾಯಿಗೆ ಬಂತು. ನಡುನಡುವೆ ಅವಳು ಕಲಿತಷ್ಟು ಕನ್ನಡ. ನನ್ನನ್ನು ಮಾತ್ರ ಮೊದಲ ವಾರದಿಂದಲೇ 'ಅಕ್ಕ' ಅನ್ನುತ್ತಿದ್ದಳು.

ಮೊದಲ ಸಲ ಚಿತ್ರಾನ್ನ ಕಳಿಸಿದಾಗ ಡಬ್ಬಿಯನ್ನು ಫಳಫಳ ತೊಳೆದು ಖಾಲಿ ತಂದುಕೊಟ್ಟಳು.

"ಅಯ್ಯೋ ಮಾರಾಯ್ತಿ, ಡಬ್ಬಿ ಹೀಗೆ ಖಾಲಿ ಕೊಡಬಾರ್ದು. ಒಂದು ಚಮಚ ಸಕ್ಕರೆ ಆದ್ರೂ ಹಾಕ್ಬೇಕು. ಖಾಲಿ ಕೊಟ್ರೆ ಇನ್ನು ನಮಗೂ ನಿಮಗೂ ಸಂಬಂಧ ಮುಗೀತು ಅಂದ ಹಾಗೆ."

ಅವಳು ನಕ್ಕು, ತನ್ನ ಅಜ್ಜಿಯೂ ಹೀಗೇ ಬೈಯುತ್ತಿದ್ದಳು ಎಂದಳು. ಅಲ್ಲಿಂದಾಚೆ ಡಬ್ಬಿಯಲ್ಲಿ ಕಡಲೆಕಾಯಿ ಬಂತು, ಚಾಕಲೇಟು ಬಂತು. ಒಮ್ಮೆ ನಮ್ಮ ಅಂಗಳದ್ದೇ ಕರಿಬೇವು ಬಂತು. "ಕಳ್ಳಿ!" ಅಂದೆ. "ಖಾಲಿ ಅಲ್ವಲ್ಲ ಅಕ್ಕ!" ಅಂದಳು.

ಅವಳ ಕಂಪ್ಯೂಟರಿಗೆ ನಾನು ಕ್ರೋಶಾ ಹೆಣೆದು ಒಂದು ಹೊದಿಕೆ ಮಾಡಿಕೊಟ್ಟೆ. ಅವಳು ಅದನ್ನು ಮಡಚಿ ದಿಂಬಿನ ಮೇಲೆ ಹಾಸಿಕೊಂಡಳು. ಅವಳ ಊರಿನ ಶಾಲೆಗೆ ಯಾರೋ ದಾನ ಕೊಟ್ಟ ಕಂಪ್ಯೂಟರುಗಳು ಹೆಡ್‌ಮಾಸ್ಟರ ಕೋಣೆಯಲ್ಲಿ ಬಟ್ಟೆ ಹೊದ್ದು ಕೂತಿದ್ದವಂತೆ. ಮಕ್ಕಳು ಕೀಲಿಮಣೆಯನ್ನು ಕಲಿತದ್ದು ಕರಿಹಲಗೆಯ ಮೇಲೆ ಬರೆದ ಚಿತ್ರ ನೋಡಿ. "ಆ ಬಟ್ಟೆ ತೆಗೆದದ್ದನ್ನು ನಾನು ನೋಡಲೇ ಇಲ್ಲ ಅಕ್ಕ. ಇದಕ್ಕೆ ಹೊದಿಸಬೇಡಿ."

ಅವಳ ಕೊನೆಯ ವರ್ಷದ ಪ್ರಾಜೆಕ್ಟು ಆ ಮಕ್ಕಳಿಗಾಗಿ: ಅಜ್ಜಿಯ ಕತೆಗಳನ್ನು ಅಜ್ಜಿಯ ಭಾಷೆಯಲ್ಲೇ ಹೇಳಿ, ಅಕ್ಷರ ಕಲಿಸುವ ಪ್ರೋಗ್ರಾಂ. ಶಾಲೆಯಲ್ಲಿ ಆ ಭಾಷೆ ಆಡಿದರೆ ಕುತ್ತಿಗೆಗೆ ಮರದ ಬಿಲ್ಲೆ ಕಟ್ಟುತ್ತಿದ್ದರಂತೆ. ನಾನು ಸುಮ್ಮನೆ ನನ್ನ ಕುತ್ತಿಗೆ ಮುಟ್ಟಿ ತೋರಿಸಿದೆ. ಕನ್ನಡ ಮಾತಾಡಿದ್ದಕ್ಕೆ ಭದ್ರಾವತಿಯಲ್ಲಿ ನಮಗೂ ರಟ್ಟಿನ ತುಂಡೊಂದನ್ನು ದಾರ ಪೋಣಿಸಿ ಹಾಕುತ್ತಿದ್ದರು. ಅವಳು ನನ್ನ ಕೈ ಹಿಡಿದುಕೊಂಡಳು. ಪ್ರಾಜೆಕ್ಟು ಮುಗಿಯುವವರೆಗೆ ಈ ಕೋಣೆ ನಿನ್ನದೇ ಎಂದು ಅವತ್ತೇ ಮಾತು ಕೊಟ್ಟೆ.

ಅಷ್ಟರಲ್ಲಿ ಭದ್ರಾವತಿಯಲ್ಲಿ ಅಮ್ಮ ಬಚ್ಚಲಲ್ಲಿ ಜಾರಿ ಬಿದ್ದು ಕಾಲು ಮುರಿದುಕೊಂಡರು. ನೋಡಿಕೊಳ್ಳಲು ಹೋದೆ. ವಾಪಸು ಬಂದಾಗ ಮಹಡಿಯ ಕೋಣೆಗೆ ಹೊಸ ಸುಣ್ಣ ಬಳಿದಿತ್ತು.

"ಎಲ್ಲಿ ಅವಳು?"

"ನನ್ನ ತಂಗಿನ ನೋಡೋಕೆ ಗಂಡಿನ ಕಡೆಯವರು ಬರ್ತಿದ್ದಾರೆ," ಎಂದರು ನನ್ನ ಯಜಮಾನರು, ಅನ್ನಕ್ಕೆ ಮಜ್ಜಿಗೆ ಹಾಕಿಕೊಳ್ಳುತ್ತ. "ಅವಳು ಮೆಟ್ಲು ಇಳ್ಕೊಂಡು ಬಂದ್ರೆ ಏನಂದ್ಕೋತಾರೆ? ಖಾಲಿ ಮಾಡ್ಸಿದೆ."

"ನಾನು ಮಾತು ಕೊಟ್ಟಿದ್ದೆ ಕಣ್ರೀ."

"ಗೊತ್ತು. ಅದಕ್ಕೇ ನಿನ್ನ ಹೆಸರಲ್ಲೇ ಹೇಳ್ದೆ. ನಮ್ಮನೆಯವಳಿಗೆ ಇಷ್ಟ ಇಲ್ಲ, ಎದುರಿಗೆ ಹೇಳೋಕಾಗ್ದೆ ತವರಿಗೆ ಹೋಗಿದ್ದಾಳೆ ಅಂದೆ. ಒಂದು ಮಾತೂ ಆಡದೆ ಹೋದ್ಲು, ಪಾಪ. ನಾನು ಹೇಳಿದ್ದು ಅಂದಿದ್ರೆ ಜಗಳ ಆಗ್ತಿತ್ತು."

ಆ 'ಪಾಪ' ಈಗಲೂ ಕಿವಿಯಲ್ಲಿದೆ.

ಕೋಡುಬಳೆ ಮಾಡಿ, ಅದೇ ಡಬ್ಬಿಗೆ ತುಂಬಿಕೊಂಡು ಹುಡುಕಿ ಹೋದೆ. ಸಹಪಾಠಿ ಹುಡುಗಿಯರ ಕಿಕ್ಕಿರಿದ ಕೋಣೆಯಲ್ಲಿ ಅವಳಿಗೊಂದು ಮೂಲೆ ಸಿಕ್ಕಿತ್ತು. ಅಲ್ಲಿ ನೆಲದ ಮೇಲೆ ಕಂಪ್ಯೂಟರು ಬೆಡ್‌ಶೀಟು ಹೊದ್ದು ಕೂತಿತ್ತು.

"ಪ್ರಾಜೆಕ್ಟು?"

"ಇಲ್ಲಿ ಇದನ್ನು ಜೋಡಿಸಿಡಲು ಜಾಗವಿಲ್ಲ, ಮೇಡಂ."

ಮೇಡಂ.

"ನಂಗೆ ಗೊತ್ತಿರಲಿಲ್ಲ. ಅವರು ಸುಳ್ಳು ಹೇಳಿದ್ರು," ಎಂದೆ. ಗಂಡನ ಬಗ್ಗೆ ಹೊರಗಿನವರ ಎದುರು ಆ ಮಾತು ಆಡಿದ್ದು ಅದೇ ಮೊದಲು. ಅವಳು ತಲೆಯಾಡಿಸಿದಳು. ಮನೆಗೆ ಬಂದ ಅತಿಥಿ ಏನು ಹೇಳಿದರೂ ಮರ್ಯಾದೆಗೆ ತಲೆಯಾಡಿಸುತ್ತಾರಲ್ಲ, ಹಾಗೆ. ನಂಬಿದಳೋ ಇಲ್ಲವೋ ನನಗೆ ತಿಳಿಯಲಿಲ್ಲ.

ಆಮೇಲೆ ಕೋಡುಬಳೆಗಳನ್ನು ಒಂದೊಂದೇ ತೆಗೆದು, ಮುರಿಯದ ಹಾಗೆ, ಒಂದು ಪೇಪರಿನ ಮೇಲಿಟ್ಟಳು. ಡಬ್ಬಿಯೊಳಗಿನ ಪುಡಿಯನ್ನು ಸೆರಗಿನಂತೆ ಹೊದ್ದಿದ್ದ ದುಪಟ್ಟಾದ ತುದಿಯಿಂದ ಒರೆಸಿದಳು. ಮುಚ್ಚಳ ಹಾಕಿ ನನ್ನ ಕೈಗೆ ಕೊಟ್ಟಳು.

"ಈಗಲೇ ತೆಗೆದುಕೊಂಡು ಹೋಗಿ ಮೇಡಂ. ಮತ್ತೆ ಬರುವ ತೊಂದರೆ ನಿಮಗೆ ಬೇಡ."

ಸಿಟಿ ಬಸ್ಸಿನಲ್ಲಿ ಡಬ್ಬಿಯನ್ನು ತೊಡೆಯ ಮೇಲಿಟ್ಟುಕೊಂಡು ಕೂತೆ. ಮನೆಯಲ್ಲಿ ಯಜಮಾನರು ನನ್ನ ಕೈಯಲ್ಲಿದ್ದುದನ್ನು ನೋಡಿ ಹಗುರಾದರು.

"ನೋಡಿದ್ಯಾ? ಡಬ್ಬಿ ಅಲ್ಲೇ ವಾಪಸ್ ಕೊಟ್ಟಿದ್ದಾಳೆ. ಅವಳಿಗೆ ಸಿಟ್ಟೇನೂ ಇಲ್ಲ ಬಿಡು."