ಐದು ಏರುವ ತನಕ

ಅವರ ಬಲಗೈ ಹೆಬ್ಬೆರಳಿನ ಉಗುರು ಅರ್ಧ ಕಪ್ಪಾಗಿತ್ತು. ಯಾವುದೋ ಕಾಲದಲ್ಲಿ ಬೆಸುಗೆ ಹಾಕುವಾಗ ಸುಟ್ಟದ್ದಂತೆ. ಆಮೇಲೆ ಅದು ದಪ್ಪಗೆ, ಸೊಟ್ಟಗೆ ಬೆಳೆಯಿತು. ಕಾರಿನ ಚಾರ್ಜರ್ ಯಾವುದು ಕೈಗೆ ಬಂದರೂ ಅದರ ಮೂತಿಯ ಸ್ಪ್ರಿಂಗನ್ನು ಆ ಉಗುರಿನಿಂದ ಒಳಗೆ ಒತ್ತಿ ಬಿಡುತ್ತಿದ್ದರು. ಟಕ್ಕೆಂದು ಹೊರಗೆ ಬಂದರೆ ಸುಮ್ಮನಿರುತ್ತಿದ್ದರು. ಮೆಲ್ಲಗೆ, ಆಕಳಿಸಿಕೊಂಡು ಬಂದರೆ ಚಾರ್ಜರನ್ನೊಮ್ಮೆ, ಅದನ್ನು ಕೊಂಡು ತಂದವನನ್ನೊಮ್ಮೆ ನೋಡಿ, ಇಬ್ಬರನ್ನೂ ಒಂದೇ ಬುಟ್ಟಿಗೆ ಹಾಕುತ್ತಿದ್ದರು.

ಶಿವಾಜಿನಗರದ ಮಾರುಕಟ್ಟೆಯ ಹಿಂದಿನ ಗಲ್ಲಿಯಲ್ಲಿ ಅವರ ಅಂಗಡಿ. ಅಂಗಡಿ ಎನ್ನುವುದೂ ಹೆಚ್ಚೇ. ಒಬ್ಬರು ಕೂತರೆ ಇನ್ನೊಬ್ಬರು ರಸ್ತೆಯಲ್ಲೇ ನಿಲ್ಲಬೇಕು. ನಾವು ಕ್ಯಾಬ್ ಓಡಿಸುವವರೆಲ್ಲ ಅವರನ್ನು ಚಾಚಾ ಎನ್ನುತ್ತಿದ್ದೆವು. ಅವರು ನಮ್ಮನ್ನೆಲ್ಲ ‘ಡ್ರೈವರ್ ಸಾಬ್’ ಎನ್ನುತ್ತಿದ್ದರು. ಆ ಸಾಬ್‌ನಲ್ಲಿ ಮರ್ಯಾದೆ ಎಳ್ಳಷ್ಟೂ ಇರುತ್ತಿರಲಿಲ್ಲ.

ನಾನು ಅವರ ಬಳಿ ಹೋಗುವ ಹೊತ್ತಿಗೆ ಮೂರು ಚಾರ್ಜರ್ ಕೊಂಡಿದ್ದೆ. ಮೂರೂ ಅಗ್ಗದವು, ಮೂರೂ ‘ಫಾಸ್ಟ್’. ಒಂದು ಸಿಗ್ನಲ್ಲಿನಲ್ಲಿ ಕಿಟಕಿಗೆ ಬಂದದ್ದು. ಇನ್ನೊಂದಕ್ಕೆ ಆನ್‌ಲೈನಿನಲ್ಲಿ ಜನ ಐದೈದು ನಕ್ಷತ್ರ ಸುರಿದಿದ್ದರು. ಡಬ್ಬ ಬಿಚ್ಚಿದ ಖುಷಿಗೇ ನಕ್ಷತ್ರ ಕೊಡುವ ಜನ, ಅವರ ಮಾತು ನಂಬಿದ ನಾನು. ಮೂರನೆಯದು ನೂರಿಪ್ಪತ್ತು ವ್ಯಾಟ್ ಎಂದು ಮೈಮೇಲೆ ಬರೆದುಕೊಂಡು, ಸುತ್ತ ನೀಲಿ ದೀಪ ಬೆಳಗಿಸಿಕೊಂಡು, ಮದುವೆ ಮನೆಯ ಹಾಗೆ ಮಿನುಗುತ್ತಿತ್ತು. ಅದನ್ನು ಹಾಕಿದೊಡನೆ ಫೋನಿನಲ್ಲಿ ಮಿಂಚಿನ ಗುರುತು ಬರುತ್ತಿತ್ತು. ನಾನು ಆ ಗುರುತನ್ನು ನಂಬಿದೆ. ಅಷ್ಟು ದಡ್ಡತನಕ್ಕೆ ಇವತ್ತಿಗೂ ನನಗೆ ನನ್ನ ಮೇಲೆ ಹೇಸಿಗೆ.

ಯಾಕೆಂದರೆ ನನಗೆ ಫೋನು ಬರೀ ಬಾಡಿಗೆ ಹಿಡಿಯುವುದಕ್ಕಲ್ಲ. ರಾಯಚೂರಿನಿಂದ ಬಂದು ಕೆ.ಆರ್. ಪುರದ ಒಂದು ಬಾಡಿಗೆ ಕೋಣೆಯಲ್ಲಿ ಇರುವವರು ನಾವಿಬ್ಬರೇ, ನಾನು ಮತ್ತು ಅವ್ವ. ಅವ್ವನಿಗೆ ದಿನಾ ಇನ್ಸುಲಿನ್ ಸೂಜಿ. ಒಮ್ಮೊಮ್ಮೆ ಸಕ್ಕರೆ ದಿಢೀರನೆ ಇಳಿದು ಕೈಕಾಲು ನಡುಗುತ್ತವೆ, ತಲೆ ಮಂಕಾಗುತ್ತದೆ, ಸಕ್ಕರೆ ಡಬ್ಬಿ ಕಣ್ಣೆದುರಿಗಿದ್ದರೂ ತಿನ್ನಬೇಕೆಂದು ಹೊಳೆಯುವುದಿಲ್ಲ. ಆಗ ಅವಳಿಗೆ ನೆನಪಿರುವುದು ಒಂದೇ, ನನಗೆ ಫೋನ್ ಮಾಡುವುದು. ನಾನು ಎತ್ತಿ, ‘ಸಕ್ಕರಿ ತಿನ್ನವ್ವ’ ಎನ್ನಬೇಕು.

ಒಂದು ದಿನ ಎತ್ತಲಿಲ್ಲ. ಬೆಳಗಿನಿಂದ ಮ್ಯಾಪು, ಬುಕಿಂಗು, ಗಿರಾಕಿಗಳ ಕರೆ ಎಲ್ಲ ಅದೇ ಫೋನಿನಲ್ಲಿ. ಮಿಂಚಿನ ಗುರುತು ಇದ್ದೇ ಇತ್ತು, ನೀಲಿ ದೀಪ ಉರಿಯುತ್ತಲೇ ಇತ್ತು, ಆದರೂ ಹಲಸೂರು ಕೆರೆಯ ಹತ್ತಿರದ ಜಾಮಿನಲ್ಲಿ ಫೋನು ಕಣ್ಣು ಮುಚ್ಚಿತು. ಸುಮ್ಮನೆ ಕೂತು ಬೈದುಕೊಂಡೆ, ಮನೆಗೆ ಹೋಗಿ ನೋಡಿಕೊಂಡರಾಯಿತು ಎಂದುಕೊಂಡೆ. ಮನೆಗೆ ಹೋದರೆ ಪಕ್ಕದ ಕೋಣೆಯಾಕೆ ಅವ್ವನನ್ನು ಆಸ್ಪತ್ರೆಗೆ ಸೇರಿಸಿದ್ದಳು. ಬಚ್ಚಲ ಬಾಗಿಲಲ್ಲಿ ಬಿದ್ದು ಹಣೆ ಒಡೆದಿತ್ತು. ಫೋನು ಮತ್ತೆ ಚಾಲೂ ಮಾಡಿದ ಮೇಲೆ ಸಂದೇಶ ಬಂತು, ಅವ್ವ ಐದು ಸಲ ಕರೆ ಮಾಡಿದ್ದಳು.

ಅವಳ ಹಣೆಯ ಹೊಲಿಗೆ ಬಿಚ್ಚುವ ಮುಂಚೆಯೇ ಚಾಚಾ ಅಂಗಡಿ ಹುಡುಕಿಕೊಂಡು ಹೋದೆ. ಕಿಸೆಯಲ್ಲಿ ಇದ್ದದ್ದು ಒಂದು ಐನೂರರ ನೋಟು.

“ಚಾಚಾ, ಎರಡು ಫೋನ್ ಹಾಕೋ ಥರ, ಜಾಸ್ತಿ ವ್ಯಾಟ್‌ದು, ಕಮ್ಮಿ ರೇಟಲ್ಲಿ ಕೊಡಿ,” ಎಂದೆ.

ಅವರು ನನ್ನ ಮದುವೆ ಮನೆ ಚಾರ್ಜರನ್ನು ಅಂಗೈಯಲ್ಲಿ ತೂಗಿದರು. ಉಗುರಿನಿಂದ ಒತ್ತಿದರು. ಅದು ಆಕಳಿಸಿತು.

“ನೂರಿಪ್ಪತ್ತು! ಅರೆ ವಾಹ್. ಡಬ್ಬದ ಮೇಲೆ ಬರ್ಯೋಕೆ ಕಾಸು ಬೇಕಾ? ನಾನೂ ಈ ಅಂಗ್ಡಿ ಮೇಲೆ ವಿಧಾನಸೌಧ ಅಂತ ಬರೀತೀನಿ, ಬಂದು ಸಲಾಂ ಹೊಡೀತೀಯಾ ಡ್ರೈವರ್ ಸಾಬ್?”

“ಚಾರ್ಜ್ ಆಗ್ತಾ ಇದೆ ಅಂತ ತೋರಿಸ್ತಿತ್ತು ಚಾಚಾ.”

“ತೋರಿಸ್ತದೆ. ತೋರಿಸೋದೇ ಅದರ ಕೆಲ್ಸ. ನಿನ್ನ ಫೋನ್ ಕುಡಿಯೋದೇ ಹದಿನೆಂಟು ವ್ಯಾಟ್. ಇದು ಕೊಡೋದು ಐದೋ ಆರೋ. ಮ್ಯಾಪ್ ಒಂದೇ ಅಷ್ಟನ್ನೂ ತಿಂದ್ಹಾಕ್ತದೆ. ಮೇಲಿಂದ ಎರಡು ತೂತು ಬೇರೆ ಬೇಕಾ ನಿಂಗೆ? ಒಂದೇ ನೀರನ್ನ ಎರಡು ಕೊಡಕ್ಕೆ ಹಂಚ್ತದೆ. ಪ್ಯಾಸೆಂಜರ್ ಫೋನ್ ಪ್ಯಾಸೆಂಜರ್ ಮನೇಲಿ ಚಾರ್ಜ್ ಮಾಡ್ಕೋತಾನೆ, ನೀನ್ಯಾಕೆ ಸಾಯ್ತೀಯಾ?”

ನನಗೂ ಸಿಟ್ಟು ಬಂತು. ದುಡ್ಡು ಕೊಟ್ಟು ಬೈಸಿಕೊಳ್ಳಲು ಬಂದೆನೇ ಎನಿಸಿತು. ಎದ್ದು ಹೋಗುತ್ತಿದ್ದೆನೇನೋ. ಆದರೆ ಅವ್ವನ ಹಣೆಯ ಪಟ್ಟಿ ಕಣ್ಣೆದುರಿಗಿತ್ತು. ನಿಂತೆ.

ಅವರು ಹಿಂದಿನ ಗೂಟದಿಂದ ಒಂದು ಕಪ್ಪು ಚಾರ್ಜರ್ ತೆಗೆದರು. ದೀಪವಿಲ್ಲ, ಬಣ್ಣವಿಲ್ಲ, ಒಂದೇ ತೂತು. ನೋಡಿದರೆ ಯಾರಿಗೂ ಬೇಕೆನಿಸದಂಥದು. ಇಪ್ಪತ್ತು ವ್ಯಾಟ್. ಜೊತೆಗೆ ಒಂದು ದಪ್ಪನೆಯ, ಗಿಡ್ಡ ಕೇಬಲ್ಲು. “ನಿನ್ನ ಕೇಬಲ್ ದಾರ ಇದ್ದಂಗಿದೆ. ಗಾಳಿಪಟ ಹಾರ್ಸು ಅದರಲ್ಲಿ,” ಎಂದರು. ಎರಡೂ ಸೇರಿ ನನ್ನ ಐನೂರರೊಳಗೇ ಇತ್ತು. ನೋಟು ಚಾಚಿದೆ. ಅವರು ಮುಟ್ಟಲಿಲ್ಲ. ಅಂಗಡಿಗೆ ಅರ್ಧ ಬಾಗಿಲೆಳೆದು, “ಗಾಡಿ ಎಲ್ಲಿ?” ಎಂದರು.

ಅವರ ಪದ್ಧತಿಯೇ ಅದು. ಆ ಗಲ್ಲಿಯಲ್ಲಿ ಕಾರು ಎರಡು ನಿಮಿಷ ನಿಲ್ಲಿಸಲು ಜಾಗವಿಲ್ಲ. ಹಾಗಾಗಿ ಅವರೇ ಬಂದು ಡ್ರೈವರಿನ ಪಕ್ಕದ ಸೀಟಿನಲ್ಲಿ ಕೂರುತ್ತಿದ್ದರು. ಚಾರ್ಜರನ್ನು ತಾವೇ ಸಿಕ್ಕಿಸಿ, ಮ್ಯಾಪ್ ಹಾಕಿಸಿ, ಫೋನಿನ ಬೆಳಕು ಪೂರ್ತಿ ಏರಿಸಿ, ಬಸ್ ಸ್ಟ್ಯಾಂಡು, ಚರ್ಚು ಬಳಸಿ ಒಂದು ಸುತ್ತು ಹೊಡೆಸುತ್ತಿದ್ದರು. ಅಂಗಡಿಗೆ ಮರಳುವುದರೊಳಗೆ ಫೋನಿನ ಚಾರ್ಜು ಐದು ಪರ್ಸೆಂಟ್ ಏರಿರಬೇಕು. ಏರಿದರೆ ದುಡ್ಡು. ಏರದಿದ್ದರೆ ಚಾರ್ಜರ್ ವಾಪಸ್ ಗೂಟಕ್ಕೆ.

ಆ ಸುತ್ತಿನಲ್ಲಿ ಅವರ ಬಾಯಿಗೆ ಸಿಕ್ಕಿದವರು ಯಾರೂ ಉಳಿಯಲಿಲ್ಲ. ಇಂದಿರಾನಗರದಿಂದ ದೊಡ್ಡ ದೊಡ್ಡ ಕಾರಿನಲ್ಲಿ ಬಂದು ಡಬ್ಬದ ಬಣ್ಣ ನೋಡಿ ಆರಿಸುವವರು, ಫೋನು ಕೊಂಡೂ ಅದು ಎಷ್ಟು ಕುಡಿಯುತ್ತದೆಂದು ತಿಳಿಯದವರು, ಸಾಕೆಟ್ಟಿನಲ್ಲಿ ಬೀಡಿ ಬೂದಿ ತುಂಬಿಸಿಕೊಂಡು ಚಾರ್ಜರಿಗೆ ಬೈಯುವವರು. ಇದ್ದಕ್ಕಿದ್ದಂತೆ ಗಾಜಿಗೆ ಅಂಟಿಸಿದ್ದ ನನ್ನ ಫೋನನ್ನು ಕಿತ್ತು, ಎಸಿಯ ಗಾಳಿ ಬರುವ ಕಡೆ ಸಿಕ್ಕಿಸಿದರು.

“ಬಿಸಿಲಲ್ಲಿ ಹಪ್ಪಳ ಒಣಗಿಸ್ತಿದ್ದೀಯಾ? ಕಾದ ಫೋನು ಕುಡಿಯಲ್ಲ. ಎಷ್ಟು ವರ್ಷದಿಂದ ಗಾಡಿ ಓಡಿಸ್ತೀಯಾ?”

“ಆರು ವರ್ಷ.”

“ಆರು ವರ್ಷ! ನಾಚ್ಕೆ ಆಗಲ್ವಾ?”

ಆಗಿತ್ತು. ನೇರವಾಗಿ ಹೇಳಿಬಿಟ್ಟೆ. ಅವ್ವನ ಐದು ಕರೆಗಳ ಮಾತು ಹೇಳಿದೆ. ಅವರು ಫೋನನ್ನೇ ನೋಡುತ್ತ ಕೂತರು. ಅಂಗಡಿ ಬಂತು. ಹದಿನಾಲ್ಕಿದ್ದದ್ದು ಹತ್ತೊಂಬತ್ತಾಗಿತ್ತು. ಸಾಕು ಎಂದು ಕಾರು ನಿಲ್ಲಿಸಿದೆ.

“ಯಾರು ನಿಲ್ಸು ಅಂದಿದ್ದು? ಇನ್ನೊಂದು ಸುತ್ತು ಹೊಡಿ,” ಎಂದರು. “ಬೇರೆಯವರಿಗೆ ಐದು ಸಾಕು. ನಿಂಗೆ ಹತ್ತು ಏರಬೇಕು.”

ಇಪ್ಪತ್ತೈದಾದ ಮೇಲೆಯೇ ಇಳಿದರು. ಇಳಿದು, ನೋಟು ತೆಗೆದುಕೊಂಡು, ಚಿಲ್ಲರೆ ಕೊಟ್ಟು, ನನ್ನ ನೀಲಿ ದೀಪದ ಚಾರ್ಜರನ್ನು ನನ್ನೆದುರಿಗೇ ಕಸದ ಡಬ್ಬಿಗೆ ಎಸೆದರು.

ನಾಲ್ಕು ತಿಂಗಳ ಮೇಲೆ ನೂರಡಿ ರಸ್ತೆಯಲ್ಲಿ ಗಿರಾಕಿಯನ್ನು ಇಳಿಸುತ್ತಿದ್ದಾಗ ಅವ್ವನ ಕರೆ ಬಂತು. “ಕೈ ನಡಗಾಕ ಹತ್ಯಾವಪಾ,” ಎಂದಳು. ಮಾತು ತೊದಲುತ್ತಿತ್ತು. ಸಕ್ಕರಿ ಡಬ್ಬಿ ತಗಿ, ಬಾಯಾಗ ಹಾಕ್ಕೋ ಎಂದು ಹೇಳುತ್ತಲೇ ಹೋದೆ. ಅವಳು ಕಚಕಚ ಅಗಿಯುವುದು ಕೇಳುವ ತನಕ ಬಿಡಲಿಲ್ಲ. ಆಮೇಲೆ ಪಕ್ಕದ ಕೋಣೆಯಾಕೆಗೆ ಕರೆ ಮಾಡಿದೆ. ಫೋನಿನಲ್ಲಿ ಎಂಬತ್ತೆರಡು ಇತ್ತು. ಸ್ಟೇರಿಂಗಿಗೆ ತಲೆಯಿಟ್ಟು ಅತ್ತೆ.

ಮರುದಿನ ಒಂದು ಕಿಲೋ ಸಿಹಿ ಹಿಡಿದುಕೊಂಡು ಚಾಚಾ ಅಂಗಡಿಗೆ ಹೋದೆ. ನಡೆದದ್ದು ಹೇಳಿದೆ.

“ಚಾರ್ಜರ್ ಚಾರ್ಜ್ ಮಾಡ್ತು ಅಂತ ಮಿಠಾಯಿ ಹಂಚ್ತಿದ್ದೀಯಾ?” ಎಂದರು. “ಅದಿನ್ನೇನು ಮಾಡ್ಬೇಕಿತ್ತು, ನಮಾಜು? ಹಿಂದೆ ಆಟೋ ನಿಂತದೆ. ಗಾಡಿ ತೆಗಿ.” ಸಿಹಿಯನ್ನು ಮಾತ್ರ ಇಟ್ಟುಕೊಂಡರು.

ಕಳೆದ ವರ್ಷ ಅವರಿಗೆ ಎದೆಯ ಕಾಯಿಲೆ ಜೋರಾಯಿತು. ಆಸ್ಪತ್ರೆಗೆ ಕರೆದೊಯ್ಯುತ್ತೀರಾ ಎಂದು ಅವರ ಮಗಳು ಕೇಳಿದಳು. ಹಿಂದಿನ ಸೀಟಿನಲ್ಲಿ ಮಲಗಿ ಎಂದರೆ ಕೇಳಲಿಲ್ಲ, ಏದುಸಿರು ಬಿಡುತ್ತ ಮುಂದೆಯೇ ಬಂದು ಕೂತರು. ಮಗಳು ಹಿಂದೆ ಕೂತಳು. ಕಣ್ಣು ಮುಚ್ಚಿದ ಹಾಗಿದ್ದರೂ ಆಗಾಗ ಕಪ್ಪು ಉಗುರು ಫೋನಿನ ಕಡೆ ಹೋಗುತ್ತಿತ್ತು. ಆಸ್ಪತ್ರೆಯ ಗೇಟಿನಲ್ಲಿ, “ಎಷ್ಟಿತ್ತು?” ಎಂದರು.

“ಅರವತ್ತೊಂದು ಚಾಚಾ. ಈಗ ಎಪ್ಪತ್ತು.”

“ಏರ್ದೆ ಏನ್ ಮಾಡ್ತದೆ. ಕೊಟ್ಟೋನು ಯಾರು?” ಎಂದರು. ಅವರು ತಮ್ಮನ್ನು ಹೊಗಳಿಕೊಂಡದ್ದನ್ನು ಕೇಳಿದ್ದು ಅದೊಂದೇ ಸಲ. ಅವರ ಬಾಯಿಂದ ನಾನು ಕೇಳಿದ ಕೊನೆಯ ಮಾತೂ ಅದೇ.

ಹನ್ನೊಂದು ದಿನಗಳ ನಂತರ ಸರ್ವಜ್ಞನಗರದ ಒಂದು ಬೇಕರಿಯ ಮುಂದೆ ಗಿರಾಕಿಗಾಗಿ ಕಾಯುತ್ತಿದ್ದೆ. ಅದೇ ಚಾರ್ಜರಿಗೆ ಸಿಕ್ಕಿಸಿದ್ದ ಫೋನು ಹೊಡೆದುಕೊಂಡಿತು. “ಅಬ್ಬಾ ಹೋಗ್ಬಿಟ್ರು ಭಯ್ಯಾ,” ಎಂದಳು ಚಾಚಾ ಮಗಳು. ಅವರ ಸಾವಿನ ಸುದ್ದಿಯನ್ನು ನನಗೆ ಮುಟ್ಟಿಸಿದ್ದೂ ಅವರು ಕೊಟ್ಟ ಚಾರ್ಜರೇ. ಒಂದು ಗಳಿಗೆ ಆ ಕೇಬಲ್ಲನ್ನು ಕಿತ್ತು ಬಿಸಾಡಬೇಕೆನಿಸಿತು.

ಮಣ್ಣು ಮಾಡಿ ಬಂದ ಮೇಲೆ ಮನೆಗೆ ಹೋಗಲು ಮನಸ್ಸಾಗಲಿಲ್ಲ. ಆ ಗಲ್ಲಿಗೆ ಹೋದೆ. ಬಾಗಿಲು ಪೂರ್ತಿ ಎಳೆದಿತ್ತು. ಪಕ್ಕದಲ್ಲೇ ತಳ್ಳುಗಾಡಿಯವನೊಬ್ಬ ನೀಲಿ ದೀಪದ ಚಾರ್ಜರುಗಳನ್ನು ಹರಡಿಕೊಂಡು ಕೂತಿದ್ದ, ಜನ ಮುಗಿಬಿದ್ದು ಕೊಳ್ಳುತ್ತಿದ್ದರು. ದರಿದ್ರಗಳು, ಎಂದುಕೊಂಡೆ. ಮ್ಯಾಪ್ ಹಾಕಿದೆ, ಬೆಳಕು ಪೂರ್ತಿ ಏರಿಸಿದೆ, ಬಸ್ ಸ್ಟ್ಯಾಂಡು, ಚರ್ಚು ಬಳಸಿ ಒಂದು ಸುತ್ತು ಹೊಡೆದೆ. ನಲವತ್ತೆಂಟಿದ್ದದ್ದು ಐವತ್ತಮೂರಾಯಿತು. ಇಷ್ಟಾದ ಮೇಲೆ ಚಾಚಾ ಇಳಿಯಬೇಕಲ್ಲ, ಅಂಗಡಿಯ ಮುಂದೆ ಕಾರು ನಿಲ್ಲಿಸಿ ಪಕ್ಕದ ಸೀಟಿನತ್ತ ತಿರುಗಿದೆ.

ಹಿಂದಿನ ಆಟೋದವನು ಹಾರ್ನ್ ಒತ್ತಿ, “ಗುರು, ಗಾಡಿ ತೆಗಿ!” ಎಂದು ಕೂಗಿದ. ಅಷ್ಟರಲ್ಲಿ ಫೋನು ಹೊಡೆದುಕೊಂಡಿತು. ಅವ್ವ.

“ಉಣ್ಣಾಕ ಬರ್ತಿಯೇನಪಾ?”

“ಬರ್ತೀನವ್ವ,” ಎಂದೆ, “ಇನ್ನೊಂದು ಸುತ್ತು ಹೊಡದು ಬರ್ತೀನಿ.”