ಅಧ್ಯಕ್ಷರ ಅರ್ಧ ವಾಕ್ಯ

ಒಳ್ಳೆಯ ಸರ್ಜನ್ ಹೊಲಿದ ಗಾಯ ವಾಸಿಯಾದ ಮೇಲೆ ಚರ್ಮದ ಮೇಲೊಂದು ತೆಳ್ಳನೆಯ ನೇರ ಗೆರೆ ಉಳಿಯುತ್ತದಲ್ಲ, ಅಧ್ಯಕ್ಷರ ಬಾಯಿ ಹಾಗಿತ್ತು. ಅದು ತೆರೆಯುವುದಕ್ಕಾಗಿ ಇರುವ ಅಂಗವೆಂದು ನೋಡಿದವರಿಗೆ ಅನಿಸುತ್ತಿರಲಿಲ್ಲ. ಊಟದ ಹೊತ್ತಿನಲ್ಲಿ ತೆರೆಯುತ್ತಿತ್ತು, ನಿಜ. ಆಗಲೂ ಚಮಚ ಒಳಗೆ ಹೋಗುವಷ್ಟೇ.

ಅಧ್ಯಕ್ಷರೆಂದರೆ ಎಪ್ಪತ್ತರ ದಶಕದ ಕೊನೆಯಲ್ಲಿ ಪರ್ತ್‌ನಲ್ಲಿದ್ದ ಒಂಬತ್ತು ಕನ್ನಡ ಕುಟುಂಬಗಳಿಗೆ ಅಧ್ಯಕ್ಷರು. ಯುಗಾದಿಗೆ ಯಾರದಾದರೂ ಮನೆಯ ಗ್ಯಾರೇಜಿನಲ್ಲಿ ಸೇರುತ್ತಿದ್ದೆವು. ಹೋಳಿಗೆ ತಿಂದ ಮೇಲೆ ಯಾರೋ ಒಬ್ಬರು "ಈ ವರ್ಷಾನೂ ಡಾಕ್ಟ್ರೇ ಇರ್ಲಿ" ಅನ್ನುತ್ತಿದ್ದರು. ಅವರು ಸುಮ್ಮನಿರುತ್ತಿದ್ದರು. ಚಪ್ಪಾಳೆ ಬೀಳುತ್ತಿತ್ತು. ಹೀಗೆ ಒಂದು ಮಾತೂ ಖರ್ಚಾಗದೆ ಆಗಲೇ ಆರು ವರ್ಷ ಆಳಿದ್ದರು. ವೃತ್ತಿಯಲ್ಲಿ ಡಾಕ್ಟರು. ಮೋರ್ಲಿಯ ಶಾಪಿಂಗ್ ಸೆಂಟರಿನ ಎದುರಿಗೆ ಒಂದು ಕ್ಲಿನಿಕ್ಕು, ಬೆಂಟ್ಲಿಯಲ್ಲಿ ಕಾಲೇಜು ಹುಡುಗರ ನೆಗಡಿಗೆಂದು ಇನ್ನೊಂದು. ಮೋರ್ಲಿಯದರಲ್ಲಿ ನಾನು ಅವರ ಅಸಿಸ್ಟೆಂಟು.

ನನ್ನ ಜುಟ್ಟು ಅವರ ಕೈಯಲ್ಲಿತ್ತು. ಮೈಸೂರಿನ ಡಿಗ್ರಿ ಹಿಡಿದು ಬಂದ ನನಗೆ ಇಲ್ಲಿನ ಮೆಡಿಕಲ್ ಬೋರ್ಡಿನವರು ಎರಡು ವರ್ಷದ ತಾತ್ಕಾಲಿಕ ಅನುಮತಿ ಕೊಟ್ಟಿದ್ದರು. ಅದು ಮುಗಿಯುವುದರೊಳಗೆ ನನ್ನ ಮೇಲಿನ ಹಿರಿಯ ಡಾಕ್ಟರು ಒಂದು ಕಾಗದ ಬರೆದುಕೊಡಬೇಕಿತ್ತು: ಇವರು ನನ್ನ ಕೈಕೆಳಗೆ ಎರಡು ವರ್ಷ ಕೆಲಸ ಮಾಡಿದ್ದಾರೆ, ಇವರು ಸ್ವತಂತ್ರವಾಗಿ ರೋಗಿಗಳನ್ನು ನೋಡಲು ಯೋಗ್ಯರು. ಎರಡೇ ವಾಕ್ಯ. ಬರೆದರೆ ನಾನು ಡಾಕ್ಟರು. ಬರೆಯದಿದ್ದರೆ ಬಸುರಿ ಹೆಂಡತಿಯನ್ನು ಕರೆದುಕೊಂಡು ವಾಪಸು ವಿಮಾನ ಹತ್ತಬೇಕು.

ಅವರ ಕೋಣೆಯ ಗೋಡೆಯ ಮೇಲೆ ಕಪ್ಪು ಚೌಕಟ್ಟಿನ ಒಂದು ಫೋಟೋ ಇತ್ತು. ಗಟ್ಟಿ ಕಾಲರು, ಹುಳಿ ಕುಡಿದ ಮುಖ. ಐವತ್ತು ವರ್ಷಗಳ ಹಿಂದೆ ಅಮೆರಿಕವನ್ನಾಳಿದ ಅಧ್ಯಕ್ಷ. ಮಾತಾಡದವನು, ವ್ಯಾಪಾರಿಗಳ ತಂಟೆಗೆ ಹೋಗದವನು ಎಂದು ಎರಡು ಕೀರ್ತಿ ಪಡೆದವನು. ಮಗಳ ಬಾಣಂತನಕ್ಕೆಂದು ಬಂದಿದ್ದ ನಮ್ಮವರ ಅಜ್ಜಿಯೊಬ್ಬರು ಬಿ.ಪಿ. ತೋರಿಸಲು ಬಂದವರು ಆ ಫೋಟೋ ನೋಡಿ ಎದ್ದು ನಿಂತರು. ಚೀಲದಿಂದ ಕುಂಕುಮದ ಭರಣಿ ತೆಗೆದು ಗಾಜಿನ ಮೇಲೆ, ಸರಿಯಾಗಿ ಹಣೆಯ ಜಾಗಕ್ಕೆ, ಒಂದು ಬೊಟ್ಟಿಟ್ಟು ಕೈಮುಗಿದರು.

"ಥೇಟ್ ನಿಮ್ ತಂದೆಯೋರೇ ಕಣಪ್ಪ ನೀವು. ಅದೇ ಬಾಯಿ."

ಅಧ್ಯಕ್ಷರು ಏನೂ ಅನ್ನಲಿಲ್ಲ. ಕುಂಕುಮವನ್ನು ಒರೆಸಲೂ ಇಲ್ಲ. ಅಂದಿನಿಂದ ನಮ್ಮ ಒಂಬತ್ತು ಮನೆಗಳಲ್ಲಿ ಅವರು ಅಮೆರಿಕದ ಪಿತೃವಿನ ಸುಪುತ್ರರೆಂದು ಸ್ಥಾಪಿತವಾಯಿತು.

ಈ ಫೋಟೋದವರ ಜೀವನಚರಿತ್ರೆಯನ್ನು ಕನ್ನಡದಲ್ಲಿ ಬರೆಯುವುದು ಅಧ್ಯಕ್ಷರ ಮಹತ್ಕಾರ್ಯವಾಗಿತ್ತು. ಕನ್ನಡಿಗರು ಅದಕ್ಕಾಗಿ ಕಾದು ಕೂತಿದ್ದಾರೆಂದು ಅವರಿಗೆ ಯಾರು ಹೇಳಿದ್ದರೋ ತಿಳಿಯದು. ನನ್ನ ಅಕ್ಷರ ದುಂಡಗಿದೆಯೆಂಬ ಅಪರಾಧಕ್ಕೆ ನನ್ನ ಶನಿವಾರದ ಆರ್ವೊಗಳೆಲ್ಲ ಶುದ್ಧಪ್ರತಿಗೆ ಹೋದವು. ಆರ್ವೊ ಎಂದರೆ ಮಧ್ಯಾಹ್ನ. ಈ ದೇಶದವರು ಪದವನ್ನೂ ಅರ್ಧಕ್ಕೆ ಕತ್ತರಿಸುತ್ತಾರೆ. ಅಧ್ಯಕ್ಷರು ಇಲ್ಲಿ ಸುಖವಾಗಿದ್ದುದಕ್ಕೆ ಅದೂ ಒಂದು ಕಾರಣವಿರಬೇಕು.

ಹಾಗಾಗಿ ಫೋಟೋದವರ ಚರಿತ್ರೆ ನನಗೆ ಇಂದಿಗೂ ಬಾಯಿಪಾಠ. ಔತಣದಲ್ಲಿ ಪಕ್ಕಕ್ಕೆ ಕೂತ ಹೆಂಗಸು, ನಿಮ್ಮಿಂದ ಮೂರು ಪದ ಆಡಿಸುತ್ತೇನೆಂದು ಪಂದ್ಯ ಕಟ್ಟಿ ಬಂದಿದ್ದೇನೆ ಎಂದಾಗ, ಆತ ಎರಡೇ ಪದದಲ್ಲಿ ಆಕೆಯನ್ನು ಸೋಲಿಸಿದನಂತೆ. ಮಧ್ಯಾಹ್ನವೂ ತಪ್ಪದೆ ನಿದ್ದೆ. ತನ್ನ ಮನೆಯೊಳಗೇ ವಿದ್ಯುತ್ ಕುದುರೆಯೊಂದನ್ನು ಇರಿಸಿಕೊಂಡು ಕೂತಲ್ಲೇ ಸವಾರಿ. ಗವರ್ನರಾಗಿದ್ದಾಗ ಮುಷ್ಕರ ಹೂಡಿದ ಪೊಲೀಸರನ್ನು ಮತ್ತೆ ಕೆಲಸಕ್ಕೆ ಸೇರಿಸಲು ಒಪ್ಪಲಿಲ್ಲ. ಆ ಹಟದಿಂದಲೇ ದೊಡ್ಡವನಾದ. ಮುಂದಿನ ಚುನಾವಣೆಗೆ ನಿಲ್ಲುವುದಿಲ್ಲವೆಂಬುದನ್ನು ಚೀಟಿಯಲ್ಲಿ ಬರೆದು ಪತ್ರಕರ್ತರಿಗೆ ಹಂಚಿದ, ಹೆಂಡತಿಗೆ ಹೇಳಿರಲಿಲ್ಲ. ಆತ ಮನೆ ಸೇರಿದ ಕೆಲವೇ ತಿಂಗಳಲ್ಲಿ ಷೇರುಪೇಟೆ ಕುಸಿದು ದೇಶ ಬೀದಿಗೆ ಬಂತು. ಅದಕ್ಕೂ ಏನೂ ಅನ್ನದವನೆಂಬುದೇ ಅಧ್ಯಕ್ಷರ ದೃಷ್ಟಿಯಲ್ಲಿ ಆತನ ಹಿರಿಮೆ.

ಪೊಲೀಸರ ಅಧ್ಯಾಯ ಬರೆಯುತ್ತಿದ್ದ ವಾರವೇ ನಮ್ಮ ರಿಸೆಪ್ಷನಿಸ್ಟು, ಫ್ರೀಮ್ಯಾಂಟಲಿನಲ್ಲಿ ಕಾಯಿಲೆ ಬಿದ್ದ ತಾಯಿಯನ್ನು ನೋಡಿಕೊಳ್ಳಲು ಶನಿವಾರ ರಜೆ ಕೇಳಿದಳು. ಆರು ವರ್ಷದಿಂದ ಇದ್ದವಳು. ಅಧ್ಯಕ್ಷರು ಏನೂ ಅನ್ನಲಿಲ್ಲ. ಅವಳು ಥ್ಯಾಂಕ್ಸ್ ಹೇಳಿ ಹೋದಳು. ಮುಂದಿನ ಬುಧವಾರ ರೋಗಿಗಳು ಓದಲೆಂದು ಟೇಬಲ್ಲಿನ ಮೇಲೆ ಪತ್ರಿಕೆ ಹರಡುತ್ತಿದ್ದವಳು, ತನ್ನ ಕೆಲಸಕ್ಕೆ ಜನ ಬೇಕಾಗಿದ್ದಾರೆಂಬ ಜಾಹೀರಾತನ್ನು ಓದಿದಳು. ನಾನು ಒಳಗೆ ಹೋಗಿ, "ಒಂದು ಮಾತು ಹೇಳ್ಬಹುದಿತ್ತು ಸರ್" ಎಂದೆ.

"ಮಾತಿಗೆ ಬಿಲ್ ಹಾಕೋಕಾಗಲ್ಲ ಕಣ್ರೀ" ಎಂದರು. ಎರಡು ವರ್ಷದಲ್ಲಿ ನಾನು ಕೇಳಿದ ಅವರ ಅತಿ ದೀರ್ಘ ಭಾಷಣ ಅದು.

ಫೋಟೋದವರಿಗೆ ಹದಿನಾರು ವರ್ಷದ ಮಗನಿದ್ದ. ಕಾಲುಚೀಲವಿಲ್ಲದೆ ಟೆನಿಸ್ ಆಡಿ ಕಾಲ್ಬೆರಳಿಗೆ ಗುಳ್ಳೆ ಎದ್ದು, ನಂಜೇರಿ, ಕೆಲವೇ ದಿನದಲ್ಲಿ ತೀರಿಕೊಂಡ. ಇವತ್ತಾದರೆ ಪೆನಿಸಿಲಿನ್ ಕೊಟ್ಟು ಮನೆಗೆ ಕಳಿಸುವ ಕಾಯಿಲೆ. ಅಧ್ಯಕ್ಷರು ಅದಕ್ಕೆ ಕೊಟ್ಟದ್ದು ಎರಡು ಸಾಲು: 'ಮಗನ ಕಾಲಿಗೆ ಗುಳ್ಳೆ ಎದ್ದಿತು. ಮಗ ತೀರಿಕೊಂಡ.' ನನ್ನ ಹೆಂಡತಿ ಬಸುರಿಯಾಗಿದ್ದ ಕಾಲ. ನನ್ನ ಕೈ ತಡೆಯದೆ ಶುದ್ಧಪ್ರತಿಯಲ್ಲಿ ಒಂದು ಸಾಲು ಸೇರಿಸಿದೆ: 'ತಂದೆಗೆ ಆಮೇಲೆ ಯಾವುದೂ ರುಚಿಸಲಿಲ್ಲ.' ಅಧ್ಯಕ್ಷರು ಜೇಬಿನಿಂದ ಕೆಂಪು ಪೆನ್ಸಿಲ್ ತೆಗೆದು ಅದನ್ನು ಹೊಡೆದುಹಾಕಿದರು. ನೇರ ಗೆರೆ, ಅವರ ಬಾಯಿಯಂಥದು.

ಇಂಥವರ ಹತ್ತಿರ ನನ್ನ ಕಾಗದ ಕೇಳಿದ್ದು ಅವಧಿ ಮುಗಿಯಲು ಮೂರು ತಿಂಗಳಿದ್ದಾಗ. ಕೇಳಿದೆ. ಅವರು ಸುಮ್ಮನಿದ್ದರು. ಮನೆಗೆ ಬಂದೆ.

"ಏನಂದ್ರು?" ಎಂದಳು ಹೆಂಡತಿ.

"ಏನೂ ಅನ್ಲಿಲ್ಲ."

"ಬೇಡ ಅನ್ಲಿಲ್ವಲ್ಲ? ಒಪ್ಕೊಂಡ್ರು ಬಿಡಿ."

ನಮ್ಮ ಕಡೆ ಹೆಣ್ಣು ಕೇಳಿದರೂ, ಜಾಗ ಕೇಳಿದರೂ, ಹಿರಿಯರು ಸುಮ್ಮನಿದ್ದರೆ ಒಪ್ಪಿದರೆಂದೇ ಲೆಕ್ಕ. ಅವಳು ಶಾವಿಗೆ ಪಾಯಸ ಮಾಡಿದಳು. ಅದೇ ವಾರ ಬ್ರಿಸ್ಬೇನಿನ ಆಸ್ಪತ್ರೆಯೊಂದರಿಂದ ಕೆಲಸಕ್ಕೆ ಕರೆ ಬಂತು. ಬಂದರೆ ಬೋರ್ಡಿಗೆ ತಾವೇ ಬರೆಯುತ್ತೇವೆ ಎಂದಿದ್ದರು. ಇಲ್ಲೇ ಆಯಿತಲ್ಲ ಎಂದು ನಾನು ಬರುವುದಿಲ್ಲವೆಂದು ಬರೆದೆ. ಪಾಯಸದ ಪಾತ್ರೆ ಇನ್ನೂ ತೊಳೆದಿರಲಿಲ್ಲ.

ಎರಡು ತಿಂಗಳಾದರೂ ಕಾಗದ ಬರಲಿಲ್ಲ. ಒಂದು ಶನಿವಾರ ಶುದ್ಧಪ್ರತಿ ಕೊಡಲು ಅವರ ಮನೆಗೆ ಹೋದಾಗ ಅವರ ಹೆಂಡತಿಗೆ ಹೇಳಿಕೊಂಡೆ. ನಾವೆಲ್ಲ ಅವರನ್ನು ಆಂಟಿ ಅನ್ನುತ್ತಿದ್ದೆವು. ಆಂಟಿ ಕಾಫಿ ಲೋಟ ಇಟ್ಟು ನನ್ನನ್ನೇ ನೋಡಿದರು.

"ಸುಮ್ನಿದ್ರು ಅಂದ್ರೆ ಇಲ್ಲ ಅಂತ ಕಣಪ್ಪ. ಹೂಂ ಅನ್ನೋದಿದ್ರೆ ಹೂಂ ಅಂತಾರೆ. ಮದುವೆಗೆ ಮುಂಚೆ ನಂಗೂ ಗೊತ್ತಿರ್ಲಿಲ್ಲ."

"ಯಾಕೆ ಆಂಟಿ, ನನ್ನ ಕೆಲಸದಲ್ಲಿ ತಪ್ಪೇನಿದೆ?"

"ತಪ್ಪಿದ್ದಿದ್ರೆ ಯಾವಾಗ್ಲೋ ಬರ್ಕೊಡ್ತಿದ್ರು. ಕಾಗದ ಸಿಕ್ರೆ ನೀನು ಎದುರಿಗೇ ಕ್ಲಿನಿಕ್ ತೆಗೀತೀಯಲ್ಲ, ಅದಕ್ಕೆ."

ವ್ಯಾಪಾರಸ್ನೇಹಿ ಎಂಬ ಪದವನ್ನು ನಾನು ಆ ಗ್ರಂಥದಲ್ಲಿ ಎಷ್ಟೋ ಸಲ ದುಂಡಗೆ ಬರೆದಿದ್ದೆ. ಅರ್ಥವಾದದ್ದು ಆ ಕಾಫಿಯ ಜೊತೆ.

ನನ್ನ ಅನುಮತಿ ಮುಗಿಯುವ ದಿನ ಒಂದು ಸೋಮವಾರ. ಹಿಂದಿನ ಶುಕ್ರವಾರ ಬೆಳಿಗ್ಗೆ ಹತ್ತೂವರೆಗೆ ಅವರ ಕೋಣೆಗೆ ಹೋದೆ. ಅಧ್ಯಕ್ಷರು ಪೆನ್ನು ಹಿಡಿದು ಕೂತಿದ್ದರು.

"ಸರ್, ಕೊಡೋದಿಲ್ಲ ಅಂತಾದ್ರೂ ಬಾಯ್ಬಿಟ್ಟು ಹೇಳ್ಬಿಡಿ."

ಬಾಯಿ ತೆರೆಯಿತು, ಮುಚ್ಚಿತು. ಎರಡು ವರ್ಷದ ನನ್ನ ಮಾತೆಲ್ಲ ಆಗ ಕಟ್ಟೆ ಒಡೆಯಿತು. ಫೋಟೋದವರಿಗಾದರೂ ಎರಡು ಪದ ಇದ್ದವು, ನಿಮಗೆ ಅದೂ ಇಲ್ಲ ಎಂದೆ. ಗೋಡೆಗೆ ಕುಂಕುಮ ಹಚ್ಚಿದರೂ ನಿಮಗಿಂತ ಹೆಚ್ಚು ಮಾತಾಡುತ್ತದೆ ಎಂದೆ. ಕೊನೆಗೆ, "ನೀವು ಸತ್ರೆ ನಿಮ್ ಬಗ್ಗೆ ನಾನು ಒಂದು ಸಾಲೂ ಬರಿಯಲ್ಲ" ಎಂದೆ. ಆ ಮಾತನ್ನು ಉಳಿಸಿಕೊಳ್ಳಲಾಗಿಲ್ಲವೆಂಬುದು ಓದುಗರಿಗೆ ಕಾಣುತ್ತಿದೆ.

ಅವರು ಮತ್ತೆ ಬಾಯಿ ತೆರೆದರು. ಮುಂದಿದ್ದ ಹಾಳೆಯನ್ನು ನನ್ನ ಕಡೆ ತಳ್ಳಿದರು. ಶುದ್ಧಪ್ರತಿಗೆ ಇನ್ನೊಂದು ಪುಟ ಎಂದುಕೊಂಡೆ. "ಇನ್ಮೇಲೆ ನೀವೇ ಬರ್ಕೊಳ್ಳಿ" ಎಂದು, ನೋಡದೆ, ಬಾಗಿಲು ಹಾಕಿಕೊಂಡು ಬಂದೆ.

ಆಮೇಲೆ ಅವರು ಸಂಜೆಯವರೆಗೆ ಹನ್ನೊಂದು ಮಂದಿ ರೋಗಿಗಳನ್ನು ನೋಡಿದರು. ಯಾರಿಗೂ ಏನೂ ಗೊತ್ತಾಗಲಿಲ್ಲ. ಡಾಕ್ಟರು ಇವತ್ತು ನನ್ನ ಮಾತನ್ನು ಎಷ್ಟು ಚೆನ್ನಾಗಿ ಕೇಳಿಸಿಕೊಂಡರು ಎಂದು ಮುದುಕಿಯೊಬ್ಬಳು ಹೊಸ ರಿಸೆಪ್ಷನಿಸ್ಟಿಗೆ ಹೇಳಿ ಹೋದಳಂತೆ. ಅವರ ಔಷಧಿಚೀಟಿ ಓದಲಾಗಲಿಲ್ಲ ಎಂದು ಔಷಧಿ ಅಂಗಡಿಯವನೂ ದೂರಲಿಲ್ಲ. ಎಂದೂ ಓದಲಾಗುತ್ತಿರಲಿಲ್ಲ, ಊಹಿಸಿಯೇ ಕೊಡುತ್ತಿದ್ದ. ರೋಗ ಕಂಡುಹಿಡಿದವರು ಆಂಟಿ, ಸಾರು ಬಡಿಸುವಾಗ.

"ಮೂವತ್ತು ವರ್ಷದಲ್ಲಿ ಮೊದಲನೇ ಸಲ ನನ್ ಹತ್ರ ಏನೋ ಹೇಳೋಕೆ ಬಂದ್ರು ಕಣಪ್ಪ. ಆಗ್ಲೇ ಗೊತ್ತಾಯ್ತು, ಏನೋ ಕೆಟ್ಟಿದೆ ಅಂತ."

ಮೆದುಳಿನ ಎಡಭಾಗದಲ್ಲಿ, ಮಾತು ಹುಟ್ಟುವ ಜಾಗದಲ್ಲಿ, ರಕ್ತ ಹೆಪ್ಪುಗಟ್ಟಿತ್ತು. ಕೈಕಾಲಿಗೆ ಏನೂ ಆಗಿರಲಿಲ್ಲ. ಮಾತು ಹೋಗಿತ್ತು, ಅದರ ಜೊತೆ ಅಕ್ಷರವೂ. ಹೀಗಾದದ್ದು ಬೆಳಿಗ್ಗೆ ಹತ್ತರಿಂದ ಹತ್ತೂವರೆಯೊಳಗೆ ಎಂದು ಆಸ್ಪತ್ರೆಯವರ ಅಂದಾಜು. ಎದುರಿಗೆ ನಿಂತು ಕಾಲು ಗಂಟೆ ಬೈದ ಡಾಕ್ಟರಿಗೆ ಅದು ತಿಳಿಯಲಿಲ್ಲ.

ಸೋಮವಾರ ಬೆಳಿಗ್ಗೆ ಕ್ಲಿನಿಕ್ಕಿನಲ್ಲಿ ಆ ಹಾಳೆ ಟೇಬಲ್ಲಿನ ಮೇಲೆ ಹಾಗೇ ಇತ್ತು. ಅವರ ಲೆಟರ್‌ಹೆಡ್ಡು. ಬೋರ್ಡಿನ ವಿಳಾಸ. ನನ್ನ ಹೆಸರು, ತಪ್ಪಿಲ್ಲದೆ. 'ಇವರು ನನ್ನ ಕೈಕೆಳಗೆ ಎರಡು ವರ್ಷ ಕೆಲಸ ಮಾಡಿದ್ದಾರೆ. ಇವರು' ಎಂದು ಇಂಗ್ಲಿಷಿನಲ್ಲಿ. ಅಲ್ಲಿಂದ ಮುಂದೆ ಅಕ್ಷರವಿಲ್ಲ. ಪೆನ್ನು ಒಂದೇ ಗೆರೆಯಾಗಿ ಜಾರುತ್ತ ಹಾಳೆಯ ಅಂಚಿನವರೆಗೆ ಹೋಗಿತ್ತು. ಯೋಗ್ಯರು ಎಂದು ಬರೆಯಲಿದ್ದರೋ, ಅಯೋಗ್ಯರು ಎಂದೋ, ಆ ಗೆರೆಗೆ ಮಾತ್ರ ಗೊತ್ತು.

ಸಹಿ ಮೊದಲು, ವಿಷಯ ಆಮೇಲೆ ಎಂಬುದು ಅಧ್ಯಕ್ಷರ ಕೆಲಸದ ಕ್ರಮವಾಗಿತ್ತು. ಸಮಯ ಉಳಿಯಲೆಂದು ಪ್ರತಿ ವಾರ ಒಂದು ಕಟ್ಟು ಖಾಲಿ ಲೆಟರ್‌ಹೆಡ್ಡುಗಳಿಗೆ ಸಹಿ ಮಾಡಿ ಡ್ರಾಯರಿನಲ್ಲಿಡುತ್ತಿದ್ದರು. ರಜೆಯ ಸರ್ಟಿಫಿಕೇಟೋ ಮತ್ತೊಂದೋ ರಿಸೆಪ್ಷನಿಸ್ಟು ಮೇಲೆ ಟೈಪು ಮಾಡುತ್ತಿದ್ದಳು. ಆ ಡ್ರಾಯರನ್ನು ನಾನು ಅದಕ್ಕೆ ಮುಂಚೆ ನೆನೆದೇ ಇರಲಿಲ್ಲವೆಂದರೆ ಸುಳ್ಳಾಗುತ್ತದೆ. ಆದರೆ ಬೋರ್ಡಿನವರು ಫೋನು ಮಾಡಿ ಕೇಳಿದರೆ ಅವರು ಒಂದು ಪದ ಆಡಿಬಿಡಬಹುದಿತ್ತು. ಈಗ ಆ ಭಯವಿರಲಿಲ್ಲ.

ಸಹಿಯಿದ್ದ ಒಂದು ಹಾಳೆ ತೆಗೆದು ಟೈಪ್‌ರೈಟರಿಗೆ ಏರಿಸಿದೆ. ಶುದ್ಧಪ್ರತಿ ತೆಗೆಯುವುದು ನನ್ನ ಕೆಲಸವೇ ಆಗಿತ್ತು. ಅವರ ಒಂದೂವರೆ ವಾಕ್ಯವನ್ನು ಹಾಗೇ ಇಳಿಸಿ, ಉಳಿದ ಅರ್ಧವನ್ನು ಸೇರಿಸಿದೆ. ಮೂಲವನ್ನು ಹರಿಯಲು ಯಾಕೋ ಕೈ ಬರಲಿಲ್ಲ. ಡ್ರಾಯರಿನ ತಳಕ್ಕೆ ಹಾಕಿದೆ.

ಬೋರ್ಡಿಗೆ ಹೋಗುವ ದಾರಿಯಲ್ಲೇ ಆಸ್ಪತ್ರೆ. ಶಾಸ್ತ್ರ ಬಿಡಬಾರದಲ್ಲ, ಅವರ ಮುಂದೆ ಕಾಗದ ಹಿಡಿದೆ. ಓದಲಾಗುತ್ತಿತ್ತೋ ಇಲ್ಲವೋ, ಬಹಳ ಹೊತ್ತು ನೋಡಿದರು. ಬಲಗೈ ಆಸ್ಪತ್ರೆಯ ಅಂಗಿಯ ಎದೆಯ ಮೇಲೆ ಜೇಬು ಹುಡುಕಿತು. ಆ ಅಂಗಿಗೆ ಜೇಬಿರಲಿಲ್ಲ. ಹೂಂ ಎಂದು ಗುರುತು ಹಾಕಲು ಪೆನ್ನು ಹುಡುಕಿದರೋ, ಕೆಂಪು ಪೆನ್ಸಿಲ್ಲೋ, ನಾನು ಕೇಳಲಿಲ್ಲ.

"ಏನಾದ್ರೂ ಬೇಡ ಅನ್ನೋದಿದ್ಯಾ ಸರ್?" ಎಂದೆ.

ಬಾಯಿ ತೆರೆಯಿತು, ಮುಚ್ಚಿತು. ಒಪ್ಪಿಗೆ ಎಂದು ತೆಗೆದುಕೊಂಡೆ.

ಅವರು ಆಮೇಲೆ ಆರು ವರ್ಷ ಬದುಕಿದರು. ಪ್ರತಿ ಯುಗಾದಿಗೂ ಅವರನ್ನೇ ಅಧ್ಯಕ್ಷರನ್ನಾಗಿ ಆರಿಸಿದರಂತೆ. ಯಾರಿಗೂ ವ್ಯತ್ಯಾಸ ಕಾಣಲಿಲ್ಲ. ನಾನು ಅಡಿಲೇಡಿಗೆ ಬಂದು ಸ್ವಂತ ಕ್ಲಿನಿಕ್ ತೆರೆದೆ. ಮಗಳು ಶಾಲೆಗೆ ಹೋಗುತ್ತಿದ್ದಳು. ಎಂಬತ್ತರ ದಶಕದ ನಡುವೆ ಒಂದು ಬೆಳಿಗ್ಗೆ ಪರ್ತ್‌ನಿಂದ ಆಂಟಿಯ ಫೋನು ಬಂತು.

"ಇವರು ಹೋಗಿ ಹದಿನೈದು ದಿನ ಆಯ್ತು ಕಣಪ್ಪ. ಆಗ್ಲೇ ಗ್ಯಾರೇಜಿಗೆ ಹಾಕ್ಸಿದ್ದ ಕ್ಲಿನಿಕ್ ಸಾಮಾನು ತೆಗೆಸ್ತಿದ್ದೆ. ಡ್ರಾಯರಲ್ಲಿ ಒಂದು ಕಾಗದ ಸಿಕ್ತು. ನಿನ್ ಹೆಸ್ರಿದೆ, ಇವರ ಕೈಬರಹ. ಅರ್ಧಕ್ಕೇ ನಿಂತಿದೆ. ಬೋರ್ಡಿಗೆ ಕಾಗದ ಕೊಟ್ಟಿದ್ರು ಅಂದಿದ್ಯಲ್ಲ. ಮತ್ತೆ ಇದ್ಯಾವ್ದು?"

ನಾನು ಸುಮ್ಮನಿದ್ದೆ. ಹೊರಗೆ ನನ್ನ ರೋಗಿಗಳು ಕೆಮ್ಮುವುದು ಕೇಳುತ್ತಿತ್ತು. ಆ ಕಡೆ ಆಂಟಿಯೂ ಕಾದರು. ಮಾತಾಡದವರನ್ನು ಮೂವತ್ತಾರು ವರ್ಷ ಓದಿದ ಹೆಂಗಸು ಅವರು.

"ಸರಿ, ಗೊತ್ತಾಯ್ತು ಬಿಡು" ಎಂದು ಫೋನಿಟ್ಟರು.