ಸ್ಕ್ಯಾನ್ ಕೋಣೆಯಲ್ಲಿ ಅತ್ತೆ

ಎಂಆರ್‌ಐ ಯಂತ್ರದೊಳಗೆ ತಲೆ ಹೋದೊಡನೆ ಉಸಿರು ಕಟ್ಟಿದಂತಾಗಿ, ತುರ್ತಿಗೆ ಕರೆಯಲೆಂದು ಕೈಗೆ ಕೊಟ್ಟಿದ್ದ ರಬ್ಬರ್ ಬಲ್ಬ್ ಅಮುಕಿ ಚೀರಿದೆ. ಹೊರಗೆಳೆದರು. ಮತ್ತೆ ಮಲಗಿಸಿದಾಗಲೂ ಅದೇ ಪಾಡು. ಠಾಣೆ ನಗರದ ಆ ಸ್ಕ್ಯಾನ್ ಸೆಂಟರಿನ ಟೆಕ್ನಿಷಿಯನ್ ಕೊನೆಗೆ, ಮೈಮೇಲೆ ಲೋಹವಿಲ್ಲದಿದ್ದರೆ ಮನೆಯವರೊಬ್ಬರು ಒಳಗೆ ಕೂರಬಹುದು ಎಂದ.

ಮದುವೆಯಾದಂದಿನಿಂದ ಸ್ನಾನಕ್ಕೂ ಕರಿಮಣಿ ತೆಗೆಯದ ನನ್ನ ಅತ್ತೆ, ಅದನ್ನು ಕಳಚಿ ಮಾವನ ಕೈಗೆ ಹಾಕಿ ಒಳಗೆ ಬಂದರು. ಬಂದವರೇ ನನ್ನ ಎರಡೂ ಪಾದಗಳನ್ನು ಗಟ್ಟಿಯಾಗಿ ಹಿಡಿದುಕೊಂಡರು. "ಅತ್ತೆ, ನೀವು ನನ್ನ ಕಾಲು ಮುಟ್ಟುದಾ? ಬೇಡ!" ಎಂದು ಎಳೆದುಕೊಂಡೆ.

"ಸುಮ್ನೆ ಮಲ್ಕೊ ಮಾರಾಯ್ತಿ. ಹೊರಗೆ ಇರುದು ಕಾಲು ಮಾತ್ರ ಅಲ್ವಾ, ಮತ್ತೆಂತ ಹಿಡಿಯುದು?"

ಯಂತ್ರದ ಅಬ್ಬರ ನಿಲ್ಲುವವರೆಗೂ ಆ ಹಿಡಿತ ಸಡಿಲಲಿಲ್ಲ.

ಈಗಲೂ ಹಬ್ಬದ ದಿನ ಅತ್ತೆಯ ಕಾಲಿಗೆ ಬೀಳುವಾಗ, ನನ್ನ ಪಾದಗಳು ಬೆಚ್ಚಗಾಗುತ್ತವೆ.